ಪೋಲೀಸು ಪೀಠದಿಂದ ಬ್ಯಾಂಕಿನ ಪೀಠಕ್ಕೆ: ಬ್ರೂಕ್ಲಿನ್ನಿನ ಜಾರ್ಜ್ ಮೆಕ್‌ಲಾಫ್ಲಿನ್

ನಮ್ಮ ಕರಾವಳಿಯನ್ನು ಬ್ಯಾಂಕುಗಳ ತವರೆಂದು ಕರೆಯುವುದು ಹಳೆಯ ವಾಡಿಕೆ. 1906ರಲ್ಲಿ ಉಡುಪಿಯಲ್ಲಿ ಕಾರ್ಪೊರೇಶನ್ ಬ್ಯಾಂಕೂ ಮಂಗಳೂರಿನಲ್ಲಿ ಕೆನರಾ ಬ್ಯಾಂಕೂ ಹುಟ್ಟಿದವು. 1912ರಲ್ಲಿ ಮಂಗಳೂರಿನ ನಮ್ಮ ಕಥೋಲಿಕ ಹಿರಿಯರು ತಮ್ಮದೇ ಸಹಕಾರಿ ಬ್ಯಾಂಕನ್ನು ಸ್ಥಾಪಿಸಿದರು. 1925ರಲ್ಲಿ ಸಿಂಡಿಕೇಟ್ ಬ್ಯಾಂಕೂ 1931ರಲ್ಲಿ ವಿಜಯಾ ಬ್ಯಾಂಕೂ ಬಂದವು. ಕುಂದಾಪುರ, ಬೈಂದೂರು, ಬ್ರಹ್ಮಾವರಗಳ ಪೇಟೆಗಳಲ್ಲಿ ಪ್ರತಿದಿನ ಅಂಗಡಿಯಿಂದ ಅಂಗಡಿಗೆ ನಡೆದು ಪಿಗ್ಮಿ ಹಣ ಸಂಗ್ರಹಿಸುತ್ತಿದ್ದವರನ್ನು ಕಂಡು ಬೆಳೆದವರು ನಾವು. 2019ರ ಎಪ್ರಿಲ್ 1ರಂದು ವಿಜಯಾ ಬ್ಯಾಂಕು, ಮರುವರ್ಷ ಅದೇ ದಿನ ಸಿಂಡಿಕೇಟ್ ಮತ್ತು ಕಾರ್ಪೊರೇಶನ್ ಬ್ಯಾಂಕುಗಳು ಬೇರೆ ಬ್ಯಾಂಕುಗಳಲ್ಲಿ ವಿಲೀನಗೊಂಡಾಗ ಹಳೆಯ ನಾಮಫಲಕಗಳು ಕೆಳಗಿಳಿದವು. ಮನೆಯ ಹಿರಿಯರೊಬ್ಬರು ತೀರಿಕೊಂಡಂತೆ ನಮ್ಮಲ್ಲಿ ಅನೇಕರಿಗೆ ಆಗ ಅನಿಸಿದ್ದುಂಟು.

ಬ್ಯಾಂಕು ಎಂದರೆ ನಾಮಫಲಕವೇ ಅಥವಾ ಪೀಠದಲ್ಲಿ ಕುಳಿತ ಮನುಷ್ಯನೇ ಎಂಬ ಪ್ರಶ್ನೆ ಆ ದಿನಗಳಲ್ಲಿ ನಮ್ಮನ್ನು ಕಾಡಿತ್ತು. ಹಾಗೆ ಯೋಚಿಸುತ್ತಿದ್ದಾಗ ನೆನಪಿಗೆ ಬಂದವರು, ಬ್ಯಾಂಕು ಮತ್ತು ಪೋಲೀಸು ಇಲಾಖೆ ಎರಡರ ಪೀಠದಲ್ಲೂ ಕುಳಿತಿದ್ದ ಒಬ್ಬ ಕಥೋಲಿಕ ಗೃಹಸ್ಥ, ಅಮೆರಿಕದ ನ್ಯೂಯಾರ್ಕ್ ನಗರದ ಜಾರ್ಜ್ ವಿನ್ಸೆಂಟ್ ಮೆಕ್‌ಲಾಫ್ಲಿನ್. ಅವರು ನಿಧನರಾಗಿ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಸಂದಿದೆ. ಒಂದು ಕಾಲದಲ್ಲಿ ಆ ಮಹಾನಗರದಲ್ಲಿ ಅವರ ಹೆಸರು ಕೇಳದವರಿರಲಿಲ್ಲ. ಹೆಸರಿನ ನಡುವಿನ ವಿ ಅಕ್ಷರವನ್ನು ರೋಮನ್ ಅಂಕಿಯ ಐದೆಂದು ಓದಿ, ಇಂಗ್ಲೆಂಡಿನ ದೊರೆಯನ್ನು ಕರೆದಂತೆ ಐದನೆಯ ಜಾರ್ಜ್ ಎಂದೇ ಜನ ಅವರನ್ನು ಕರೆಯುತ್ತಿದ್ದರು. ಹಾಸ್ಯಕ್ಕೆ ಇಟ್ಟ ಹೆಸರಾದರೂ ಅದರಲ್ಲಿ ಸ್ವಲ್ಪ ಅಂಜಿಕೆಯೂ ಇತ್ತು.

ಮೆಕ್‌ಲಾಫ್ಲಿನ್‌ರು ಹುಟ್ಟಿದ್ದು 1887ರಲ್ಲಿ, ಬ್ರೂಕ್ಲಿನ್ನಿನಲ್ಲಿ. ಬ್ರೂಕ್ಲಿನ್ ಅಂದು ನ್ಯೂಯಾರ್ಕಿನ ಭಾಗವಾಗಿರಲಿಲ್ಲ. ಹೊಳೆಯ ಆಚೆ ದಡದ ಸ್ವತಂತ್ರ ನಗರವಾಗಿತ್ತು. ಇಗರ್ಜಿಗಳ ನಗರವೆಂಬುದು ಅದರ ಅಡ್ಡಹೆಸರು. 1853ರಷ್ಟು ಹಿಂದೆಯೇ ಅಲ್ಲಿ ಪ್ರತ್ಯೇಕ ಧರ್ಮಪ್ರಾಂತ್ಯ ಸ್ಥಾಪನೆಯಾಗಿತ್ತು. ಮಂಗಳೂರಿನಿಂದ ಬೇರ್ಪಟ್ಟು 2012ರಲ್ಲಿ ಉಡುಪಿ ಧರ್ಮಪ್ರಾಂತ್ಯ ರಚನೆಯಾದಾಗ ನಮ್ಮವರು ಪಟ್ಟ ಅಭಿಮಾನವನ್ನು ಬಲ್ಲ ವಾಚಕರಿಗೆ ಬ್ರೂಕ್ಲಿನ್ನಿನವರ ಊರಭಿಮಾನವನ್ನು ವಿವರಿಸಬೇಕಾಗಿಲ್ಲ. ಮೆಕ್‌ಲಾಫ್ಲಿನ್‌ರಿಗೆ ಹತ್ತು ವರ್ಷ ತುಂಬಿದ್ದಾಗ, 1898ರ ಜನವರಿ 1ರಂದು, ಬ್ರೂಕ್ಲಿನ್ ನ್ಯೂಯಾರ್ಕಿನಲ್ಲಿ ಸೇರಿಹೋಯಿತು. ತನ್ನ ಊರಿನ ಹೆಸರು ದೊಡ್ಡದೊಂದರ ಒಳಗೆ ಕರಗುವುದನ್ನು ಅವರು ಎಳೆಯ ವಯಸ್ಸಿನಲ್ಲೇ ಕಂಡರು. ಅದನ್ನೇ ಮತ್ತೆ ಎರಡು ಬಾರಿ ಕಾಣುವುದು ಅವರ ಹಣೆಯಲ್ಲಿ ಬರೆದಿತ್ತು.

ಐರಿಷ್ ಮೂಲದ ಕಥೋಲಿಕರು ಅಂದಿನ ನ್ಯೂಯಾರ್ಕಿನಲ್ಲಿ ಸಂಖ್ಯೆಯಲ್ಲಿ ಬಲಿಷ್ಠರು, ಅಂತಸ್ತಿನಲ್ಲಿ ಅಲ್ಲ. ಹತ್ತೊಂಬತ್ತನೆಯ ಶತಮಾನದ ನಡುವೆ ಬರಗಾಲದಿಂದ ನೊಂದು ಹಡಗೇರಿ ಬಂದವರ ಮಕ್ಕಳು ಮೊಮ್ಮಕ್ಕಳು ಅವರು. ಪೋಲೀಸು, ಅಗ್ನಿಶಾಮಕ ದಳ, ಬಂದರು, ಸರಕಾರಿ ಗುಮಾಸ್ತಿಕೆ, ಇವು ಅವರಿಗೆ ತೆರೆದಿದ್ದ ಬಾಗಿಲುಗಳು. ಬ್ಯಾಂಕಿನ ದೊಡ್ಡ ಕುರ್ಚಿಗಳು ಹಳೆಯ ಪ್ರೊಟೆಸ್ಟೆಂಟ್ ಕುಟುಂಬಗಳ ಕೈಯಲ್ಲಿದ್ದವು. ಮೆಕ್‌ಲಾಫ್ಲಿನ್‌ರು ಆ ಕುರ್ಚಿಗೆ ಹತ್ತಿದ್ದು ಹಿತ್ತಲ ಮೆಟ್ಟಿಲಿನಿಂದ: ನ್ಯೂಯಾರ್ಕ್ ರಾಜ್ಯ ಸರಕಾರದ ಬ್ಯಾಂಕಿಂಗ್ ಇಲಾಖೆಯಲ್ಲಿ ತಪಾಸಣಾಧಿಕಾರಿಯಾಗಿ ದುಡಿದು.

ಈ ತಪಾಸಣೆಯ ಕೆಲಸ ಎಂಥದೆಂದು ಬ್ಯಾಂಕಿನಲ್ಲಿ ದುಡಿದ ನಮ್ಮ ವಾಚಕರು ಬಲ್ಲರು. ಮುನ್ಸೂಚನೆ ಇಲ್ಲದೆ ಒಂದು ಬೆಳಗ್ಗೆ ಅಧಿಕಾರಿಗಳು ಬಂದು ನಿಲ್ಲುತ್ತಾರೆ. ಮೊದಲು ತಿಜೋರಿಯ ನಗದನ್ನು ಎಣಿಸುತ್ತಾರೆ, ಅನಂತರ ಸಾಲಪತ್ರಗಳನ್ನು ಒಂದೊಂದಾಗಿ ಕೈಗೆತ್ತಿಕೊಂಡು ಪುಸ್ತಕದ ಲೆಕ್ಕದೊಡನೆ ತಾಳೆ ನೋಡುತ್ತಾರೆ. ಯಾರ ಸಾಲಕ್ಕೆ ಯಾರು ಜಾಮೀನು, ನಿರ್ದೇಶಕರ ನೆಂಟರಿಷ್ಟರಿಗೆ ಎಷ್ಟು ಹೋಗಿದೆ, ಅಡವಿಟ್ಟದ್ದು ನಿಜವಾಗಿ ಇದೆಯೋ ಇಲ್ಲವೋ, ಎಲ್ಲವೂ ಬೆಳಕಿಗೆ ಬರುತ್ತದೆ. ಇಂಥ ಕೆಲಸದಲ್ಲಿ ಪಳಗಿದವನಿಗೆ ಮಾತಿಗಿಂತ ಲೆಕ್ಕದ ಮೇಲೆ ಹೆಚ್ಚು ನಂಬಿಕೆ ಬೆಳೆಯುವುದು ಸಹಜ. 1920ರಲ್ಲಿ ಮೆಕ್‌ಲಾಫ್ಲಿನ್‌ರು ಆ ಇಲಾಖೆಯ ಮುಖ್ಯಸ್ಥರಾದರು. ಅಂದಿನ ಗವರ್ನರ್ ಆಲ್ ಸ್ಮಿತ್ ಕೂಡ ಐರಿಷ್ ರಕ್ತದ ಕಥೋಲಿಕರೇ. ಬಾಲ್ಯದಲ್ಲೇ ಶಾಲೆ ಬಿಟ್ಟು ನ್ಯೂಯಾರ್ಕಿನ ಮೀನು ಮಾರುಕಟ್ಟೆಯಲ್ಲಿ ದುಡಿದು ಮೇಲೆ ಬಂದವರು. ಗಂಗೊಳ್ಳಿಯ ನಮ್ಮ ಜನರಿಗೆ ಮೆಚ್ಚುಗೆಯಾಗಬಲ್ಲ ಮನುಷ್ಯ. 1928ರಲ್ಲಿ ಅವರು ರಾಷ್ಟ್ರಾಧ್ಯಕ್ಷ ಸ್ಥಾನಕ್ಕೆ ಸ್ಪರ್ಧಿಸಿದ ಪ್ರಮುಖ ಪಕ್ಷದ ಪ್ರಥಮ ಕಥೋಲಿಕ ಅಭ್ಯರ್ಥಿಯಾದರು, ಸೋತರು. ಆ ಸೋಲಿನಲ್ಲಿ ಅವರ ಧರ್ಮದ ಪಾಲೂ ಇತ್ತೆಂಬುದು ಇತಿಹಾಸಕಾರರು ಒಪ್ಪಿದ ಮಾತು.

1925ರ ಚುನಾವಣೆಯಲ್ಲಿ ಜಿಮ್ಮಿ ವಾಕರ್ ನ್ಯೂಯಾರ್ಕಿನ ಮೇಯರ್ ಆಗಿ ಆರಿಸಿಬಂದರು. ಇವರೂ ಐರಿಷ್, ಇವರೂ ಕಥೋಲಿಕ. ಚೆಲುವ, ಮಾತುಗಾರ, ಹಾಡು ಬರೆಯಬಲ್ಲವ, ರಾತ್ರಿಯ ನಗರವನ್ನು ಹಗಲಿಗಿಂತ ಹೆಚ್ಚು ಪ್ರೀತಿಸಿದವ. ಅವರ ಬೆನ್ನ ಹಿಂದೆ ಇದ್ದದ್ದು ಟ್ಯಾಮನಿ ಹಾಲ್ ಎಂದು ಪ್ರಸಿದ್ಧವಾದ ಡೆಮಾಕ್ರಟಿಕ್ ಪಕ್ಷದ ಸಂಘಟನೆ. ಬಡವಲಸಿಗನಿಗೆ ಚಳಿಗಾಲದಲ್ಲಿ ಕಲ್ಲಿದ್ದಲು, ಮಗನಿಗೆ ಕೆಲಸ, ಸತ್ತಾಗ ಶವಸಂಸ್ಕಾರಕ್ಕೆ ಹಣ, ಇವೆಲ್ಲವನ್ನೂ ಈ ಸಂಘಟನೆ ನೀಡುತ್ತಿತ್ತು. ಪ್ರತಿಯಾಗಿ ಮತ ಪಡೆಯುತ್ತಿತ್ತು. ಅದರೊಡನೆ ಗುತ್ತಿಗೆ, ನೇಮಕಾತಿ, ಜೂಜುಕಟ್ಟೆ ಎಲ್ಲದರಿಂದಲೂ ಕಪ್ಪ ಪಡೆಯುತ್ತಿತ್ತು. ಅಮೆರಿಕದಲ್ಲಿ ಆಗ ಪಾನನಿಷೇಧ ಜಾರಿಯಲ್ಲಿದ್ದ ಕಾಲ. ಕಳ್ಳಭಟ್ಟಿಯ ಹಣ ಹೊಳೆಯಾಗಿ ಹರಿಯುತ್ತಿತ್ತು. ಹೊಸ ಮೇಯರರು ಸ್ವಚ್ಛ ಹೆಸರಿನ ಒಬ್ಬರನ್ನು ಪೋಲೀಸು ಇಲಾಖೆಗೆ ತರಲೇಬೇಕೆಂದು ಆಲ್ ಸ್ಮಿತ್ ಬಯಸಿದರು. ಹಾಗೆ 1926ರ ಜನವರಿ 1ರಂದು ಬ್ಯಾಂಕುಗಳ ಲೆಕ್ಕ ನೋಡುತ್ತಿದ್ದ 38 ವರ್ಷದ ಮೆಕ್‌ಲಾಫ್ಲಿನ್‌ರು ನ್ಯೂಯಾರ್ಕ್ ನಗರದ ಪೋಲೀಸು ಕಮಿಷನರ್ ಆದರು.

ಇಲ್ಲಿ ವಾಚಕರಿಗೆ ಒಂದು ಮಾತು ಹೇಳಬೇಕು. ನಮ್ಮ ದೇಶದಲ್ಲಿ ಕಮಿಷನರ್ ಎಂದರೆ ಸಮವಸ್ತ್ರ ತೊಟ್ಟ ಐಪಿಎಸ್ ಅಧಿಕಾರಿ. ನ್ಯೂಯಾರ್ಕಿನಲ್ಲಿ ಹಾಗಲ್ಲ. ಅಲ್ಲಿ ಕಮಿಷನರರು ಸಮವಸ್ತ್ರವಿಲ್ಲದ ನಾಗರಿಕ. ಅವರನ್ನು ನೇಮಿಸುವವರು ಮೇಯರ್. ಮೇಯರರ ಮನಸ್ಸು ಬದಲಾದರೆ ಕುರ್ಚಿಯೂ ಹೋಯಿತು. ಆದ್ದರಿಂದ ಬ್ಯಾಂಕು ತಪಾಸಣೆ ಮಾಡುತ್ತಿದ್ದವರು ಪೋಲೀಸು ಮುಖ್ಯಸ್ಥರಾದುದು ಅಲ್ಲಿ ನಿಯಮಬಾಹಿರವಾಗಿರಲಿಲ್ಲ. ಕುರ್ಚಿ ಕೊಟ್ಟ ಪಕ್ಷದ ಮೇಲೆಯೇ ಕಾನೂನನ್ನು ಪ್ರಯೋಗಿಸುವುದು ಮಾತ್ರ ಅಲ್ಲಿಯ ಪದ್ಧತಿಯಾಗಿರಲಿಲ್ಲ. ಮೆಕ್‌ಲಾಫ್ಲಿನ್‌ರು ಮಾಡಿದ್ದು ಅದನ್ನೇ.

ಆ ಇಲಾಖೆಯಲ್ಲಿ ಲೂಯಿಸ್ ವ್ಯಾಲೆಂಟೈನ್ ಎಂಬ ಅಧಿಕಾರಿಯಿದ್ದರು. 1903ರಲ್ಲಿ ಸಾಮಾನ್ಯ ಕಾನ್‌ಸ್ಟೇಬಲ್ ಆಗಿ ಸೇರಿದವರು, ಹಟಮಾರಿ, ಯಾರಿಗೂ ಬಾಗದವರು. ಹಿಂದಿನ ಕಮಿಷನರರ ಕಾಲದಲ್ಲಿ ಇದೇ ಗುಣಕ್ಕಾಗಿ ಮೂಲೆಗೆ ತಳ್ಳಲ್ಪಟ್ಟಿದ್ದರು. ಮೆಕ್‌ಲಾಫ್ಲಿನ್‌ರು ಅವರನ್ನು ಮೇಲೆತ್ತಿ, ಗುಪ್ತ ದಳವೊಂದರ ಮುಖ್ಯಸ್ಥರನ್ನಾಗಿ ಮಾಡಿದರು. ಪೋಲೀಸರೊಳಗಿನ ಲಂಚಗುಳಿಗಳನ್ನು ಹುಡುಕುವುದು, ಮೇಲಿನವರ ಆಶ್ರಯದಲ್ಲಿರುವ ಜೂಜುಕಟ್ಟೆಗಳನ್ನು ಮುಚ್ಚಿಸುವುದು ಈ ದಳದ ಕೆಲಸ. ಬ್ಯಾಂಕಿನ ತಪಾಸಣೆಯ ಕ್ರಮವೇ ಇಲ್ಲಿಗೂ ಬಂತೆಂದು ನಮಗೆ ತೋರುತ್ತದೆ: ಮುನ್ಸೂಚನೆಯಿಲ್ಲದೆ ಹೋಗುವುದು, ಹೋದವರು ಯಾರೆಂದು ಠಾಣೆಯವರಿಗೂ ಗೊತ್ತಾಗದಂತೆ ಹೋಗುವುದು.

ನಗರದ ದೊಡ್ಡ ಜೂಜು ನಡೆಯುತ್ತಿದ್ದದ್ದು ಕತ್ತಲ ಗಲ್ಲಿಗಳಲ್ಲಿ ಅಲ್ಲ, ಪಕ್ಷದ ವಾರ್ಡು ಕ್ಲಬ್ಬುಗಳ ಒಳಗೆ. ಹೊರಗೆ ಪಕ್ಷದ ಫಲಕ, ಒಳಗೆ ಇಸ್ಪೀಟು ಮತ್ತು ದಾಳ. ಠಾಣೆಯ ಪೋಲೀಸನು ಅತ್ತ ತಲೆ ಹಾಕುವಂತಿರಲಿಲ್ಲ, ಏಕೆಂದರೆ ಅವನ ಬಡ್ತಿ ಅದೇ ಕ್ಲಬ್ಬಿನ ಯಜಮಾನನ ಕೈಯಲ್ಲಿತ್ತು. ವ್ಯಾಲೆಂಟೈನರ ದಳ ಈ ಕ್ಲಬ್ಬುಗಳ ಬಾಗಿಲನ್ನೇ ಒಡೆಯಿತು. ಬ್ರೂಕ್ಲಿನ್ನಿನ ಗ್ರೀನ್‌ಪಾಯಿಂಟ್ ಬಡಾವಣೆಯ ನಾಯಕ ಪೀಟರ್ ಮೆಕ್‌ಗಿನೆಸ್ಸರ ಕ್ಲಬ್ಬೂ 1927ರಲ್ಲಿ ದಾಳಿಗೆ ಒಳಗಾಯಿತು. ಮ್ಯಾನ್‌ಹಟನ್ನಿನಲ್ಲಿ ಥಾಮಸ್ ಫಾರ್ಲಿ ಎಂಬ ಮುಖಂಡರ ಕ್ಲಬ್ಬೂ ಹಾಗೆಯೇ. ಈ ಫಾರ್ಲಿಯವರು ಮುಂದೆ ಷೆರಿಫ್ ಆದರು. 1931ರಲ್ಲಿ ನ್ಯಾಯಾಧೀಶ ಸೀಬರಿಯವರ ವಿಚಾರಣೆಯ ಮುಂದೆ ನಿಂತಾಗ, ಕೆಲವೇ ಸಾವಿರ ಡಾಲರ್ ವಾರ್ಷಿಕ ಸಂಬಳದ ತಾವು ಆರೇಳು ವರ್ಷಗಳಲ್ಲಿ ಸುಮಾರು 3,60,000 ಡಾಲರನ್ನು ಬ್ಯಾಂಕಿಗೆ ಹೇಗೆ ಕಟ್ಟಿದೆವೆಂದು ವಿವರಿಸಲು ಹೋಗಿ, ಮನೆಯಲ್ಲಿದ್ದ ಒಂದು ತಗಡಿನ ಪೆಟ್ಟಿಗೆಯಿಂದ ಅದು ಬಂತೆಂದು ಹೇಳಿ ಇಡೀ ನಗರವನ್ನು ನಗಿಸಿದರು. ಮರುವರ್ಷ ಗವರ್ನರ್ ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರನ್ನು ಪದಚ್ಯುತಗೊಳಿಸಿದರು. ಮೇಯರ್ ವಾಕರರೂ ಅದೇ ವಿಚಾರಣೆಯ ಬಿಸಿಗೆ 1932ರ ಸೆಪ್ಟೆಂಬರಿನಲ್ಲಿ ರಾಜೀನಾಮೆಯಿತ್ತು ಯುರೋಪಿಗೆ ಹೊರಟುಹೋದರು. ಇವರೆಲ್ಲರೂ ಭಾನುವಾರದ ಪೂಜೆ ತಪ್ಪಿಸದ ಸಮಾಜದಿಂದ ಬಂದವರೆಂಬುದನ್ನು ನಾವು ಮರೆಮಾಚಬೇಕಾಗಿಲ್ಲ. ಮೆಕ್‌ಲಾಫ್ಲಿನ್‌ರು ದಾಳಿ ಮಾಡಿಸಿದ್ದು ಪರಕೀಯರ ಮೇಲೆ ಅಲ್ಲ. ತಮ್ಮ ಪಕ್ಷದವರ ಮೇಲೆ, ತಮ್ಮ ಧರ್ಮದವರ ಮೇಲೆ, ತಮ್ಮದೇ ಬ್ರೂಕ್ಲಿನ್ನಿನವರ ಮೇಲೆ. ಆ ಕಷ್ಟ ಎಂಥದೆಂದು ಸಣ್ಣ ಊರಿನಲ್ಲಿ ಒಂದೇ ಇಗರ್ಜಿಗೆ ಹೋಗುವ ನಮಗೆ ಅರ್ಥವಾಗದಿರದು.

ಅವರ ಕಾಲದಲ್ಲಿ ನಗರವು ಬೇರೆ ಬಗೆಯ ಗದ್ದಲಗಳನ್ನೂ ಕಂಡಿತು. 1926ರ ಆಗಸ್ಟಿನಲ್ಲಿ ಮೂಕಿಚಿತ್ರಗಳ ನಟ ವ್ಯಾಲೆಂಟಿನೊ ತೀರಿಕೊಂಡಾಗ ಪಾರ್ಥಿವ ಶರೀರವನ್ನು ಕಾಣಲು ನುಗ್ಗಿದ ಜನಸ್ತೋಮ ಶವಾಗಾರದ ಗಾಜುಗಳನ್ನು ಪುಡಿಮಾಡಿತು. ಕುದುರೆ ಸವಾರ ಪೋಲೀಸರು ಅದನ್ನು ಹಿಂದಕ್ಕೆ ಅಟ್ಟಬೇಕಾಯಿತು. 1927ರ ಫೆಬ್ರವರಿಯಲ್ಲಿ, ವಾಕರರು ರಜೆಯ ಮೇಲೆ ಹೋಗಿದ್ದಾಗ, ಹಂಗಾಮಿ ಮೇಯರರ ಇಚ್ಛೆಯಂತೆ ಅಶ್ಲೀಲವೆನಿಸಿದ ಮೂರು ನಾಟಕಗಳ ಮೇಲೆ ಪೋಲೀಸರು ಒಂದೇ ರಾತ್ರಿ ದಾಳಿ ಮಾಡಿ ನಟಿ ಮೇ ವೆಸ್ಟ್‌ಳನ್ನೂ ಬಂಧಿಸಿದರು. ಪತ್ರಿಕೆಗಳಿಗೆ ಹಬ್ಬವಾಯಿತು. ನಾಟಕದವರನ್ನು ಹಿಡಿಯುವುದಕ್ಕೆ ಯಾವ ಮುಖಂಡರ ಆಕ್ಷೇಪವೂ ಇರಲಿಲ್ಲವೆಂಬುದು ಗಮನಾರ್ಹ. ಕೋಪ ಬಂದದ್ದು ಕ್ಲಬ್ಬುಗಳ ಬಾಗಿಲು ಒಡೆದಾಗ.

ಆ ಕೋಪ ಫಲಿಸಿತು. 1927ರ ವಸಂತದಲ್ಲಿ, ಅಧಿಕಾರ ಸ್ವೀಕರಿಸಿ ಸುಮಾರು ಹದಿನೈದು ತಿಂಗಳಾಗಿದ್ದಾಗ, ಮೆಕ್‌ಲಾಫ್ಲಿನ್‌ರು ಪೋಲೀಸು ಪೀಠವನ್ನು ತೊರೆದು ತಂತಿ ಸಂಪರ್ಕದ ಮ್ಯಾಕೆ ಕಂಪೆನಿಗಳಲ್ಲಿ ದೊಡ್ಡ ಹುದ್ದೆಗೆ ಹೋದರು. ಹೊರಗೆ ಕಂಡದ್ದು ಹೆಚ್ಚಿನ ಸಂಬಳದ ಕರೆ. ಒಳಗೆ ಪಕ್ಷದ ನಾಯಕರು ನೆಮ್ಮದಿಯ ಉಸಿರು ಬಿಟ್ಟರು. ಅವರು ಇನ್ನೂ ಸ್ವಲ್ಪ ಕಾಲ ಹಟ ಹಿಡಿದು ನಿಲ್ಲಬೇಕಿತ್ತೆಂದು ನಮಗೆ ಅನಿಸಿದ್ದುಂಟು. ಮೇಯರರು ಬೆನ್ನಿಗಿಲ್ಲದ ಕಮಿಷನರರು ಎಷ್ಟು ದಿನ ನಿಲ್ಲಬಲ್ಲರೆಂಬುದೂ ಬೇರೆ ಮಾತು.

ಅವರು ಬಿಟ್ಟುಹೋದ ಪೀಠಗಳಲ್ಲಿ ಏನಾಯಿತೆಂಬುದನ್ನು ಇಲ್ಲಿಯೇ ಹೇಳಿಬಿಡುವುದು ಒಳ್ಳೆಯದು. ಬ್ಯಾಂಕಿಂಗ್ ಇಲಾಖೆಯಲ್ಲಿ ಅವರ ಸ್ಥಾನಕ್ಕೆ ಬಂದವರು ಫ್ರಾಂಕ್ ವಾರ್ಡರ್. 1929ರ ಫೆಬ್ರವರಿಯಲ್ಲಿ ನ್ಯೂಯಾರ್ಕಿನ ಸಿಟಿ ಟ್ರಸ್ಟ್ ಎಂಬ ಬ್ಯಾಂಕು ಬಾಗಿಲು ಹಾಕಿತು. ಅದರಲ್ಲಿ ಹಣವಿಟ್ಟವರು ಹೆಚ್ಚಾಗಿ ಇಟಲಿಯಿಂದ ವಲಸೆ ಬಂದ ಬಡ ಕೂಲಿಕಾರರು, ಕ್ಷೌರಿಕರು, ಹಣ್ಣು ಮಾರುವವರು. ತನಿಖೆ ನಡೆದಾಗ ವಾರ್ಡರರು ಆ ಬ್ಯಾಂಕಿನ ಯಜಮಾನನಿಂದ ಲಂಚ ಪಡೆದಿದ್ದರೆಂದು ಹೊರಬಿತ್ತು; ಅದೇ ವರ್ಷ ನ್ಯಾಯಾಲಯ ಅವರನ್ನು ದೋಷಿಯೆಂದು ತೀರ್ಮಾನಿಸಿ ಸೆರೆಮನೆಗೆ ಕಳುಹಿಸಿತು. ಪೋಲೀಸು ಇಲಾಖೆಯಲ್ಲಿ ಮೆಕ್‌ಲಾಫ್ಲಿನ್‌ರ ನಂತರ ಜೋಸೆಫ್ ವಾರನ್, ಅವರ ನಂತರ 1928ರ ಕೊನೆಯಲ್ಲಿ ಗ್ರೋವರ್ ವ್ಹೇಲನ್ ಬಂದರು. ವ್ಹೇಲನ್ನರು ಗುಪ್ತ ದಳವನ್ನು ವಿಸರ್ಜಿಸಿ, ವ್ಯಾಲೆಂಟೈನರನ್ನು ಕ್ಯಾಪ್ಟನ್ ದರ್ಜೆಗೆ ಇಳಿಸಿ ದೂರದ ಠಾಣೆಗೆ ಅಟ್ಟಿದರು. ಒಬ್ಬ ಮನುಷ್ಯ ಎದ್ದುಹೋದೊಡನೆ ಆತ ಕಟ್ಟಿದ್ದೆಲ್ಲ ಹೀಗೆ ಉರುಳುವುದಾದರೆ ಆತ ಕಟ್ಟಿದ್ದಾದರೂ ಏನು ಎಂದು ಕೇಳುವವರಿದ್ದಾರೆ. ಉತ್ತರ ವ್ಯಾಲೆಂಟೈನರ ಬಾಳಿನಲ್ಲಿದೆ. ಅವರು ರಾಜೀನಾಮೆ ಕೊಡಲಿಲ್ಲ, ಕಾದರು. 1934ರಲ್ಲಿ ಮೇಯರ್ ಲಾ ಗ್ವಾರ್ಡಿಯಾ ಅವರನ್ನೇ ಪೋಲೀಸು ಕಮಿಷನರರನ್ನಾಗಿ ಮಾಡಿದರು. 1945ರವರೆಗೂ ಅವರು ಆ ಪೀಠದಲ್ಲಿದ್ದರು.

ಮ್ಯಾಕೆ ಕಂಪೆನಿಯಲ್ಲಿ ಮೆಕ್‌ಲಾಫ್ಲಿನ್‌ರು ಹೆಚ್ಚು ಕಾಲ ಉಳಿಯಲಿಲ್ಲ. ಸ್ವಲ್ಪದರಲ್ಲೇ ಊರಿನ ಬ್ಯಾಂಕು ಅವರನ್ನು ಕರೆಯಿತು. ಬ್ರೂಕ್ಲಿನ್ ಟ್ರಸ್ಟ್ ಕಂಪೆನಿಯ ಅಧ್ಯಕ್ಷರಾಗಿ ಅವರು ಮಾಂಟೇಗ್ ಬೀದಿಯ 177ನೆಯ ನಂಬರಿನ ಕಟ್ಟಡವನ್ನು ಪ್ರವೇಶಿಸಿದರು. ಇಟಲಿಯ ವೆರೋನಾ ನಗರದ ಅರಮನೆಯೊಂದರ ಮಾದರಿಯಲ್ಲಿ ಕಟ್ಟಿದ ಭವ್ಯ ಕಲ್ಲಿನ ಸೌಧ ಅದು. ಆ ಕುರ್ಚಿಯಲ್ಲಿ ಐರಿಷ್ ಕಥೋಲಿಕನೊಬ್ಬ ಕುಳಿತುದು ಅಂದಿಗೆ ಸಣ್ಣ ಸಂಗತಿಯಾಗಿರಲಿಲ್ಲ.

ಅನಂತರ ಬಂದದ್ದು ಅಮೆರಿಕದ ಬ್ಯಾಂಕುಗಳಿಗೆಲ್ಲ ಅಗ್ನಿಪರೀಕ್ಷೆ. 1929ರ ಅಕ್ಟೋಬರದಲ್ಲಿ ಶೇರುಪೇಟೆ ಕುಸಿಯಿತು. 1930ರ ಡಿಸೆಂಬರ್ 11ರಂದು ನಾಲ್ಕು ಲಕ್ಷದಷ್ಟು ಠೇವಣಿದಾರರಿದ್ದ ಬ್ಯಾಂಕ್ ಆಫ್ ಯುನೈಟೆಡ್ ಸ್ಟೇಟ್ಸ್ ನ್ಯೂಯಾರ್ಕಿನಲ್ಲಿ ಮುಚ್ಚಿತು. ಹೆಸರು ಸರಕಾರಿಯೆಂಬಂತಿದ್ದರೂ ಅದು ಖಾಸಗಿ ಬ್ಯಾಂಕು; ಹೆಸರನ್ನು ನೋಡಿ ಮೋಸಹೋದ ವಲಸಿಗರು ಅನೇಕ. 1933ರ ಮಾರ್ಚಿನಲ್ಲಿ ಹೊಸ ರಾಷ್ಟ್ರಾಧ್ಯಕ್ಷ ರೂಸ್‌ವೆಲ್ಟ್ ದೇಶದ ಎಲ್ಲ ಬ್ಯಾಂಕುಗಳಿಗೂ ರಜೆ ಸಾರಿದರು. ಸಾವಿರಾರು ಬ್ಯಾಂಕುಗಳು ಮುಳುಗಿದ ಆ ವರ್ಷಗಳನ್ನು ಬ್ರೂಕ್ಲಿನ್ ಟ್ರಸ್ಟ್ ದಾಟಿತು. ಬಹುಕಾಲ ಬೇರೆ ಬ್ಯಾಂಕುಗಳ ಕೊಳೆತ ಸಾಲಗಳನ್ನು ಕಂಡಿದ್ದ ಕಣ್ಣು ತನ್ನ ಬ್ಯಾಂಕಿನ ಸಾಲಪುಸ್ತಕವನ್ನು ಸುಮ್ಮನೆ ನೋಡಿರಲಾರದು.

ಆದರೆ ಆ ಪುಸ್ತಕದಲ್ಲಿ ಕೆಟ್ಟ ಸಾಲವೊಂದಿತ್ತು. ಅದುವೇ ಮೆಕ್‌ಲಾಫ್ಲಿನ್‌ರ ಹೆಸರನ್ನು ಇತಿಹಾಸದಲ್ಲಿ ಉಳಿಸಿದ್ದು. ಬ್ರೂಕ್ಲಿನ್ನಿನಲ್ಲಿ ಡಾಡ್ಜರ್ಸ್ ಎಂಬ ಬೇಸ್‌ಬಾಲ್ ತಂಡವಿತ್ತು. ನಮ್ಮವರಿಗೆ ಕ್ರಿಕೆಟ್ ಹೇಗೋ ಅಮೆರಿಕದವರಿಗೆ ಬೇಸ್‌ಬಾಲ್ ಹಾಗೆ, ಸ್ವತಂತ್ರ ನಗರದ ಹೆಸರು ಕಳಕೊಂಡ ಬ್ರೂಕ್ಲಿನ್ನಿಗೆ ಈ ತಂಡ ಕೊನೆಯ ಗುರುತು. ತಂಡದ ಒಡೆಯ ಚಾರ್ಲ್ಸ್ ಎಬೆಟ್ಸ್ 1925ರಲ್ಲಿ ತೀರಿಕೊಂಡರು. ಅವರ ಶವಸಂಸ್ಕಾರದಲ್ಲಿ ಚಳಿಗೆ ಸಿಕ್ಕಿ ಕಾಯಿಲೆ ಬಿದ್ದ ಪಾಲುದಾರ ಎಡ್ ಮೆಕ್‌ಕೀವರ್ ಕೆಲವೇ ದಿನಗಳಲ್ಲಿ ಅವರನ್ನು ಹಿಂಬಾಲಿಸಿದರು. ತಂಡ ಅರ್ಧರ್ಧ ಪಾಲಾಗಿ ಎರಡು ಮನೆತನಗಳ ವಾರಸುದಾರರ ಜಗಳಕ್ಕೆ ಸಿಕ್ಕಿತು. ಆಸ್ತಿ ಪಾಲಿನ ವ್ಯಾಜ್ಯ ಮನೆಯನ್ನು ಹೇಗೆ ಹಾಳುಮಾಡುತ್ತದೆಂಬುದನ್ನು ನಮ್ಮ ಕಡೆಯ ವಾಚಕರಿಗೆ ಹೇಳಬೇಕೆ? ಎಬೆಟ್ಸರ ಅರ್ಧಪಾಲಿನ ವಿಶ್ವಸ್ಥರು ಬ್ರೂಕ್ಲಿನ್ ಟ್ರಸ್ಟ್; ತಂಡಕ್ಕೆ ಸಾಲ ಕೊಟ್ಟವರೂ ಅವರೇ. 1937ರ ಹೊತ್ತಿಗೆ ತಂಡ ಸಾಲದಲ್ಲಿ ಮುಳುಗಿತ್ತು.

ಸಾಲಗಾರನನ್ನು ಮುಳುಗಿಸಿ ಅಡವು ವಶಪಡಿಸಿಕೊಳ್ಳುವುದು ಸುಲಭದ ದಾರಿ. ಮೆಕ್‌ಲಾಫ್ಲಿನ್‌ರು ತಂಡವನ್ನು ನಡೆಸಲು ಸಮರ್ಥನೊಬ್ಬನನ್ನು ತಂದು, ಅವನಿಗೆ ಇನ್ನಷ್ಟು ಹಣ ಕೊಟ್ಟು, ಹಳೆಯ ಸಾಲವನ್ನು ತೀರಿಸಿಕೊಳ್ಳುವ ದಾರಿ ಹಿಡಿದರು. 1938ರಲ್ಲಿ ಬಂದ ಲ್ಯಾರಿ ಮ್ಯಾಕ್‌ಫೇಲ್ ಮುಂಗೋಪಿ, ಆದರೆ ಕೆಲಸಗಾರ. ಮೈದಾನಕ್ಕೆ ವಿದ್ಯುದ್ದೀಪ ಹಾಕಿಸಿ ರಾತ್ರಿ ಪಂದ್ಯ ನಡೆಸಿದರು, ಮರುವರ್ಷ ಪಂದ್ಯಗಳ ರೇಡಿಯೊ ಪ್ರಸಾರ ಆರಂಭಿಸಿದರು. 1941ರಲ್ಲಿ ಡಾಡ್ಜರ್ಸ್, 1920ರ ನಂತರ ಮೊದಲ ಬಾರಿಗೆ, ತಮ್ಮ ಲೀಗಿನ ಪ್ರಶಸ್ತಿ ಗೆದ್ದರು. ಮಹಾಯುದ್ಧದಲ್ಲಿ ಸೇವೆ ಸಲ್ಲಿಸಲು ಮ್ಯಾಕ್‌ಫೇಲ್ 1942ರಲ್ಲಿ ಹೊರಟಾಗ ಅವರ ಸ್ಥಾನಕ್ಕೆ ಬಂದವರು ಬ್ರ್ಯಾಂಚ್ ರಿಕಿ, ಮೆಥೊಡಿಸ್ಟ್ ಸಭೆಯ ಕಟ್ಟುನಿಟ್ಟಿನ ಕ್ರೈಸ್ತರು.

ಆಗ ಬೇಸ್‌ಬಾಲಿನ ದೊಡ್ಡ ಲೀಗುಗಳಲ್ಲಿ ಕರಿಯ ಆಟಗಾರ ಒಬ್ಬನೂ ಇರಲಿಲ್ಲ. ಬರೆದಿಟ್ಟ ಕಾನೂನು ಇರಲಿಲ್ಲ. ಒಡೆಯರೊಳಗಿನ ಮೌನ ಒಪ್ಪಂದವಿತ್ತು. ಆ ಗೋಡೆಯನ್ನು ಒಡೆಯಬೇಕೆಂಬ ಯೋಜನೆ ರಿಕಿಯವರ ಮನಸ್ಸಿನಲ್ಲಿತ್ತು. ಬ್ಯಾಂಕಿನ ಸಮ್ಮತಿಯಿಲ್ಲದೆ ಅವರು ಒಂದು ಹೆಜ್ಜೆಯನ್ನೂ ಇಡುವಂತಿರಲಿಲ್ಲ. 1943ರಲ್ಲಿ ಅವರು ಮೆಕ್‌ಲಾಫ್ಲಿನ್‌ರ ಎದುರು ವಿಷಯವನ್ನಿಟ್ಟರು. ಮೆಕ್‌ಲಾಫ್ಲಿನ್‌ರು ಒಪ್ಪಿದರು. ಒಪ್ಪುವಾಗ ಅವರು ಹಾಕಿದ ಷರತ್ತು ಇಂದಿಗೂ ಚರ್ಚೆಯ ವಿಷಯ: ತಂಡವನ್ನು ಉತ್ತಮಗೊಳಿಸುವುದಕ್ಕಾಗಿ ಕರಿಯ ಆಟಗಾರರನ್ನು ತರುವುದಾದರೆ ಮುಂದುವರಿಯಬಹುದು, ಸಮಾಜವನ್ನು ಉದ್ಧರಿಸುವುದಕ್ಕಾಗಿ ಎಂದಾದರೆ ಆ ಮಾತನ್ನೇ ಬಿಡಬೇಕು ಎಂಬುದು ಅದರ ತಾತ್ಪರ್ಯ.

ಇದನ್ನು ಓದಿ ನಮಗೆ ಮೊದಲು ನಿರಾಶೆಯಾಯಿತು. ಸತ್ಕಾರ್ಯಕ್ಕೆ ಲಾಭದ ನೆಪ ಏಕೆ ಬೇಕು? ಬಿಳಿಯನಿಗೂ ಕರಿಯನಿಗೂ ದೇವರು ಒಬ್ಬನೇ ಎಂದು ಪೀಠದಿಂದ ಕೇಳಿ ಬೆಳೆದ ಮನುಷ್ಯ ಹೀಗೆ ಮಾತಾಡಬಹುದೆ? ಮತ್ತೆ ಯೋಚಿಸಿದಾಗ ಬೇರೆ ಮುಖ ಕಂಡಿತು. ಅವರ ಕೈಯಲ್ಲಿದ್ದ ಅರ್ಧಪಾಲು ಅವರದಲ್ಲ, ಸತ್ತವರ ವಾರಸುದಾರರದು. ಬ್ಯಾಂಕಿನ ಹಣ ಅವರದಲ್ಲ, ಠೇವಣಿದಾರರದು. ಪರರ ಹಣದಲ್ಲಿ ಪುಣ್ಯ ಕಟ್ಟಿಕೊಳ್ಳುವ ಅಧಿಕಾರ ವಿಶ್ವಸ್ಥನಿಗಿಲ್ಲ. ಮತ್ತೊಂದು ಮಾತೂ ಇದೆ. ಕನಿಕರದಿಂದ ಒಳಗೆ ಬಿಟ್ಟವನನ್ನು ನಾಳೆ ಕನಿಕರ ಬತ್ತಿದಾಗ ಹೊರಹಾಕಬಹುದು. ಯೋಗ್ಯತೆಯಿಂದ ಒಳಗೆ ಬಂದವನನ್ನು ಹೊರಹಾಕುವುದು ಕಷ್ಟ. ಹಾಗಿದ್ದರೂ ಆ ಮಾತಿನ ಒಣತನ ನಮ್ಮ ಮನಸ್ಸಿನಿಂದ ಪೂರ್ತಿ ಹೋಗಿಲ್ಲವೆಂದು ಒಪ್ಪಿಕೊಳ್ಳುತ್ತೇವೆ. ಇಷ್ಟು ಮಾತ್ರ ನಿಜ: ಬೇರೆ ತಂಡಗಳ ಒಡೆಯರಿಗೂ ಬ್ಯಾಂಕುಗಳಿಗೂ ಇದೇ ಲೆಕ್ಕ ತಿಳಿದಿತ್ತು, ಒಪ್ಪಿದ್ದು ಬ್ರೂಕ್ಲಿನ್ ಟ್ರಸ್ಟ್.

1945ರ ಆಗಸ್ಟ್ 28ರಂದು, ಬ್ಯಾಂಕಿನ ಸನಿಹದಲ್ಲೇ ಮಾಂಟೇಗ್ ಬೀದಿಯ 215ನೆಯ ನಂಬರಿನಲ್ಲಿದ್ದ ಡಾಡ್ಜರ್ಸ್ ಕಚೇರಿಯಲ್ಲಿ, ರಿಕಿಯವರು ಜಾಕಿ ರಾಬಿನ್ಸನ್ ಎಂಬ ಯುವಕನೊಡನೆ ಮಾತುಕತೆ ನಡೆಸಿದರು. ಒಂದು ವರ್ಷ ಕೆನಡಾದ ಮಾಂಟ್ರಿಯಲ್ ತಂಡದಲ್ಲಿ ಪಳಗಿ, 1947ರ ಎಪ್ರಿಲ್ 15ರಂದು ರಾಬಿನ್ಸನ್ ಬ್ರೂಕ್ಲಿನ್ನಿನ ಮೈದಾನಕ್ಕಿಳಿದರು. ಅವರು ಸಹಿಸಿದ ಬೈಗುಳ, ಬೆದರಿಕೆಗಳ ಕಥೆ ಪ್ರಸಿದ್ಧವಾದುದು. ಭಾರತ ಸ್ವತಂತ್ರವಾಗುವುದಕ್ಕೆ ನಾ‌ಲ್ಕು ತಿಂಗಳ ಹಿಂದೆ ನಡೆದ ಈ ಘಟನೆಯನ್ನು ಅಮೆರಿಕದವರು ತಮ್ಮ ಚರಿತ್ರೆಯ ದೊಡ್ಡ ದಿನಗಳಲ್ಲಿ ಒಂದೆಂದು ಇಂದು ಎಣಿಸುತ್ತಾರೆ.

ಮೆಕ್‌ಲಾಫ್ಲಿನ್‌ರು ಆರಿಸಿ ಬೆಳೆಸಿದವರಲ್ಲಿ ವ್ಯಾಲೆಂಟೈನರ ಬಗ್ಗೆ ಹೇಳಿದೆವು. ಇನ್ನೊಬ್ಬರು ವಾಲ್ಟರ್ ಓಮ್ಯಾಲಿ ಎಂಬ ಕಥೋಲಿಕ ವಕೀಲರು. ಅವರ ತಂದೆಯೂ ಹಿಂದೆ ನಗರದ ಮಾರುಕಟ್ಟೆಗಳ ಕಮಿಷನರರಾಗಿದ್ದವರು. ಮೆಕ್‌ಲಾಫ್ಲಿನ್‌ರು ಓಮ್ಯಾಲಿಯವರನ್ನು ಮಗನಂತೆ ಮುಂದೆ ತಂದು, ಬ್ಯಾಂಕಿನ ವ್ಯವಹಾರ ಕೊಟ್ಟು, 1943ರಲ್ಲಿ ಡಾಡ್ಜರ್ಸ್ ತಂಡದ ವಕೀಲರನ್ನಾಗಿ ಮಾಡಿದರು. 1944 ಮತ್ತು 1945ರಲ್ಲಿ ರಿಕಿ, ಓಮ್ಯಾಲಿ ಹಾಗೂ ಔಷಧ ಉದ್ಯಮಿ ಜಾನ್ ಸ್ಮಿತ್ ಸೇರಿ ತಂಡದ ಮುಕ್ಕಾಲು ಪಾಲನ್ನು ಕೊಂಡರು. ವಾರಸುದಾರರ ಇಪ್ಪತ್ತು ವರ್ಷಗಳ ಜಗಳ ಮುಗಿಯಿತು, ಬ್ಯಾಂಕಿನ ಹೊಣೆ ಇಳಿಯಿತು. 1950ರಲ್ಲಿ ಓಮ್ಯಾಲಿ ರಿಕಿಯವರನ್ನು ಹೊರಗೆ ಕಳುಹಿಸಿ ತಾವೇ ಯಜಮಾನರಾದರು.

ಅದೇ 1950ರಲ್ಲಿ ಬ್ರೂಕ್ಲಿನ್ ಟ್ರಸ್ಟ್ ಕಂಪೆನಿ ಮ್ಯಾನುಫ್ಯಾಕ್ಚರರ್ಸ್ ಟ್ರಸ್ಟ್ ಎಂಬ ದೊಡ್ಡ ಬ್ಯಾಂಕಿನಲ್ಲಿ ವಿಲೀನಗೊಂಡಿತು. ಎರಡು ದಶಕಗಳಿಗೂ ಹೆಚ್ಚು ಕಾಲ ನಡೆಸಿದ ಬ್ಯಾಂಕಿನ ಫಲಕ ಇಳಿಯುವುದನ್ನು ಮೆಕ್‌ಲಾಫ್ಲಿನ್‌ರು ಕಂಡರು. ಠೇವಣಿದಾರರಿಗೆ ಒಂದು ಕಾಸಿನ ನಷ್ಟವಾಗಲಿಲ್ಲ. ಪುಸ್ತಕದ ಮೇಲಿನ ಹೆಸರು ಮಾತ್ರ ಬದಲಾಯಿತು.

ಈ ನಡುವೆ ಅವರು ಇನ್ನೊಂದು ಪೀಠದಲ್ಲಿಯೂ ಕುಳಿತಿದ್ದರು. ನ್ಯೂಯಾರ್ಕಿನ ಟ್ರೈಬರೊ ಸೇತುವೆಯ ಕೆಲಸ ಶೇರುಪೇಟೆ ಕುಸಿದ ಮರುದಿನವೇ, 1929ರ ಅಕ್ಟೋಬರ್ 25ರಂದು, ಆರಂಭವಾಗಿ ಹಣವಿಲ್ಲದೆ ನಿಂತಿತ್ತು. 1934ರ ಸುಮಾರಿಗೆ ರಾಬರ್ಟ್ ಮೋಸಸರೊಡನೆ ಮೆಕ್‌ಲಾಫ್ಲಿನ್‌ರೂ ಅದರ ಪ್ರಾಧಿಕಾರಕ್ಕೆ ಬಂದರು. ಈ ಮೋಸಸರೇ 1929ರಲ್ಲಿ ಸಿಟಿ ಟ್ರಸ್ಟ್ ಹಗರಣದ ತನಿಖೆ ನಡೆಸಿದವರು. 1936ರ ಜುಲೈಯಲ್ಲಿ ಸೇತುವೆ ತೆರೆಯಿತು. ಬಾಂಡುಗಳ ಮೂಲಕ ಹಣ ಎತ್ತಿ, ವಾಹನಗಳ ಸುಂಕದಿಂದ ತೀರಿಸುವ ಆ ಪದ್ಧತಿಯ ಮೊಮ್ಮಕ್ಕಳೇ ಸಾಸ್ತಾನದಲ್ಲಿಯೂ ಶಿರೂರಿನಲ್ಲಿಯೂ ನಮ್ಮನ್ನು ತಡೆದು ನಿಲ್ಲಿಸುವ ಟೋಲ್ ಗೇಟುಗಳು ಎಂದರೆ ವಾಚಕರು ಮೆಕ್‌ಲಾಫ್ಲಿನ್‌ರ ಮೇಲೆ ಸಿಟ್ಟಾಗಬಾರದು.

ಡಾಡ್ಜರ್ಸ್ ತಂಡಕ್ಕೆ ಹೊಸ ಮೈದಾನ ಬೇಕೆಂದು ಓಮ್ಯಾಲಿ 1950ರ ದಶಕದಲ್ಲಿ ಅದೇ ಮೋಸಸರ ಬಾಗಿಲು ಬಡಿದರು. ಬ್ರೂಕ್ಲಿನ್ನಿನ ನಡುವೆ ಕೇಳಿದ ಜಾಗವನ್ನು ಮೋಸಸರು ಕೊಡಲು ಒಪ್ಪಲಿಲ್ಲ. ಒಬ್ಬರು ಮೆಕ್‌ಲಾಫ್ಲಿನ್‌ರು ಬೆಳೆಸಿದ ಹುಡುಗ. ಇನ್ನೊಬ್ಬರು ಅವರ ಜೊತೆ ಪ್ರಾಧಿಕಾರದಲ್ಲಿ ಕುಳಿತ ಸಹೋದ್ಯೋಗಿ. 1955ರಲ್ಲಿ ತಂಡ ಕೊನೆಗೂ ವಿಶ್ವ ಸರಣಿಯನ್ನು ಗೆದ್ದು ಬ್ರೂಕ್ಲಿನ್ ಕುಣಿದಾಡಿತು. ಎರಡೇ ವರ್ಷ. 1957ರ ಅಕ್ಟೋಬರದಲ್ಲಿ ಓಮ್ಯಾಲಿ ತಂಡವನ್ನು ಲಾಸ್ ಏಂಜಲಿಸಿಗೆ ಒಯ್ಯುವ ನಿರ್ಧಾರ ಪ್ರಕಟವಾಯಿತು. ಬ್ರೂಕ್ಲಿನ್ನಿನ ಜನ ಅದನ್ನು ಬಹುಕಾಲ ಕ್ಷಮಿಸಲಿಲ್ಲ. ಹಳೆಯ ಮೈದಾನವನ್ನು 1960ರಲ್ಲಿ ಕೆಡವಿ ಅಲ್ಲಿ ವಸತಿ ಸಮುಚ್ಚಯ ಕಟ್ಟಲಾಯಿತು.

ಮೆಕ್‌ಲಾಫ್ಲಿನ್‌ರು 1967ರ ಡಿಸೆಂಬರಿನಲ್ಲಿ, 80ನೆಯ ವಯಸ್ಸಿನಲ್ಲಿ ತೀರಿಕೊಂಡರು. ಮಾಂಟೇಗ್ ಬೀದಿಯ ಬ್ಯಾಂಕಿನ ಕಟ್ಟಡವನ್ನು 1996ರಲ್ಲಿ ನಗರದ ಸಂರಕ್ಷಿತ ಸ್ಮಾರಕವೆಂದು ಘೋಷಿಸಲಾಯಿತು. ಅದೇ ಬೀದಿಯಲ್ಲಿ ಡಾಡ್ಜರ್ಸ್ ಕಚೇರಿಯಿದ್ದ ಜಾಗದಲ್ಲಿ ರಾಬಿನ್ಸನ್‌ರ ಒಪ್ಪಂದವನ್ನು ನೆನಪಿಸುವ ಫಲಕವೊಂದನ್ನು ಹಾಕಲಾಗಿದೆ. ಮಕ್ಕಳ ಮನೆಗೆಂದು ಅಮೆರಿಕಕ್ಕೆ ಹೋಗಿ ಮೂರು ತಿಂಗಳು ಏನು ಮಾಡುವುದೆಂದು ತಿಳಿಯದೆ ಕೂರುವ ನಮ್ಮ ಕುಂದಾಪುರ, ಬ್ರಹ್ಮಾವರದ ನಿವೃತ್ತ ಬ್ಯಾಂಕು ನೌಕರರು ನ್ಯೂಯಾರ್ಕಿಗೆ ಹೋದಲ್ಲಿ ಆ ಬೀದಿಯನ್ನು ಒಮ್ಮೆ ನಡೆದು ನೋಡಬಹುದು.